ಅಜ್ಜಿ ಕ್ಷೇತ್ರಕ್ಕೆ ಹೋಗೈತೆ

ನನಗೆ ಸಿಟ್ಟು ಮೂಗಿನ ತುದಿಯಲ್ಲೇ. ಇದನ್ನು ನಾನೇ ಮೊದಲು ಹೇಳಿಬಿಡುವುದು ಒಳ್ಳೆಯದು, ಇಲ್ಲದಿದ್ದರೆ ನಮ್ಮ ಶಾಲೆಯ ಹೆಡ್‌ಮಾಸ್ಟರು ಹೇಳುತ್ತಾರೆ. ನನ್ನ ಮೊದಲ ನೌಕರಿ ಜಗಳೂರು ತಾಲ್ಲೂಕಿನಲ್ಲಿ. "ಜಗಳೂರಿನಾಗೆ ನೌಕರಿ ಸುರು ಮಾಡಿದೋರು, ಜಗಳ ಬಿಟ್ಟು ಇನ್ನೇನು ಕಲ್ತಿರ್ತಾರೆ ಬಿಡ್ರಿ" ಎಂಬುದು ಅವರ ಹಳೇ ತಮಾಷೆ. ಹೊಸ ಟೀಚರ್ ಯಾರೇ ಬರಲಿ, ಮೊದಲ ದಿನವೇ ಅವರಿಗೆ ಇದನ್ನು ಒಪ್ಪಿಸಿಬಿಡುತ್ತಾರೆ.

ಆ ಸಿಟ್ಟು, ಜೊತೆಗೆ ‘ನನಗೆ ಎಲ್ಲಾ ಗೊತ್ತು’ ಎಂಬ ಜಂಬ, ಎರಡೂ ಸೇರಿ ಒಂದು ಸಲ ಒಬ್ಬ ಅಜ್ಜಿಯ ಓಟನ್ನೇ ನುಂಗಿಬಿಟ್ಟಿದ್ದವು. ಈಗ ನಗುತ್ತಾ ಬರೆಯುತ್ತಿದ್ದೇನೆ. ಆಗ ಎರಡು ತಿಂಗಳು ನನಗೆ ಅನ್ನ ರುಚಿಸಿರಲಿಲ್ಲ.

ಜಂಬ ಎಲ್ಲಿಂದ ಬಂತು ಎಂಬುದನ್ನು ಹೇಳಬೇಕು. ನಾನು ಹುಟ್ಟಿದ್ದು ಹೊನ್ನಾಳಿ ತಾಲ್ಲೂಕಿನ ಒಂದು ಹಳ್ಳಿಯಲ್ಲಿ, ಆಗ ನಮ್ಮ ಜಿಲ್ಲೆ ಶಿವಮೊಗ್ಗ. ನೌಕರಿ ಸಿಕ್ಕಾಗ ಜಗಳೂರು ಇದ್ದದ್ದು ಚಿತ್ರದುರ್ಗ ಜಿಲ್ಲೆಯಲ್ಲಿ. ಮಗಳು ಬೇರೆ ಜಿಲ್ಲೆಗೆ ಹೋಗುತ್ತಾಳೆ ಎಂದು ಅವ್ವ ಅತ್ತಿದ್ದೇ ಅತ್ತಿದ್ದು. ಆದೇಶದ ಮಸಿ ಆರುವುದರೊಳಗೆ ದಾವಣಗೆರೆ ಹೊಸ ಜಿಲ್ಲೆಯಾಯಿತು. ನನ್ನ ತವರೂ ಅದಕ್ಕೆ ಬಂತು, ಜಗಳೂರೂ ಅದಕ್ಕೆ ಬಂತು. ಅಪ್ಪ ಅವ್ವನಿಗೆ "ನಿನ್ನ ಅಳು ಸರ್ಕಾರಕ್ಕೆ ಕೇಳಿಸ್ತು ನೋಡು, ಎರಡೂ ಒಂದೇ ಜಿಲ್ಲೆ ಮಾಡಿಕೊಟ್ರು" ಎಂದು ಹೇಳಿ ನಕ್ಕಿದ್ದ.

ಅಲ್ಲಿಗೂ ಮುಗಿಯಲಿಲ್ಲ. ಜಿಲ್ಲೆ ದಾವಣಗೆರೆ ಆದರೂ ನಮ್ಮೂರವರ ಎಂಪಿ ಓಟು ಎಷ್ಟೋ ವರ್ಷ ಶಿವಮೊಗ್ಗಕ್ಕೇ ಬೀಳುತ್ತಿತ್ತು. ಕ್ಷೇತ್ರ ಪುನರ್ವಿಂಗಡಣೆ ಆದಮೇಲೆ ಅದೂ ದಾವಣಗೆರೆಗೆ ತಿರುಗಿತು, ಜಗಳೂರು ಮೀಸಲು ಕ್ಷೇತ್ರವಾಯಿತು. ಮತ್ತೆ ಕೆಲವು ವರ್ಷಕ್ಕೆ ನ್ಯಾಮತಿಯೇ ಒಂದು ತಾಲ್ಲೂಕಾಗಿ, ನನ್ನ ತವರೂರು ಹೊನ್ನಾಳಿ ಬಿಟ್ಟು ಅದಕ್ಕೆ ಸೇರಿತು. ಆದರೆ ಎಮ್ಮೆಲ್ಲೆ ಓಟು ಇವತ್ತಿಗೂ ಹೊನ್ನಾಳಿಗೇ. ನ್ಯಾಮತಿ ತಾಲ್ಲೂಕು, ಹೊನ್ನಾಳಿ ಕ್ಷೇತ್ರ. ಇದನ್ನು ಯಾರಾದರೂ ಅದಲು ಬದಲು ಹೇಳಿದರೆ ನಾನು ತಿದ್ದದೆ ಬಿಟ್ಟವಳಲ್ಲ. ಬಸ್ಸಿನಲ್ಲಿ ಪಕ್ಕದಲ್ಲಿ ಕೂತ ಗುರುತಿಲ್ಲದವರನ್ನೂ ತಿದ್ದಿದ್ದೇನೆ.

ಜಗಳೂರಿನಿಂದ ನನಗೆ ವರ್ಗವಾದದ್ದು ಚನ್ನಗಿರಿ ತಾಲ್ಲೂಕಿಗೆ, ಸಂತೇಬೆನ್ನೂರಿಗೆ ಸಂತೆ ಮಾಡಲು ಹೋಗುವ ಒಂದು ಲಂಬಾಣಿ ತಾಂಡಾದ ಶಾಲೆಗೆ. ಅಲ್ಲಿ ಪಾಠದ ಜೊತೆಗೆ ಇನ್ನೊಂದು ಕೆಲಸ ನನ್ನ ಕೊರಳಿಗೆ ಬಿತ್ತು. ಮತಗಟ್ಟೆ ಮಟ್ಟದ ಅಧಿಕಾರಿ, ಎಲ್ಲರ ಬಾಯಲ್ಲಿ ಬಿಎಲ್‌ಓ. ಹೆಸರಿನಲ್ಲಿ ಅಧಿಕಾರಿ ಎಂದಿದೆ ಎಂದು ಹಿಗ್ಗಬೇಡಿ. ಮನೆ ಮನೆ ತಿರುಗಿ, ಯಾರಿಗೆ ಹದಿನೆಂಟು ತುಂಬಿತು, ಯಾರು ಸತ್ತರು, ಯಾರು ಊರು ಬಿಟ್ಟರು ಎಂದು ಕೇಳಿ ಮತದಾರರ ಪಟ್ಟಿಯನ್ನು ಸರಿ ಮಾಡುವ ಕೆಲಸ. ನಾಯಿಗಳಿಗೆಲ್ಲ ನನ್ನ ಪರಿಚಯವಾಗಿತ್ತು.

ತಾಂಡಾಕ್ಕೆ ಕಾಲಿಟ್ಟ ಕೂಡಲೇ ಎಡಕ್ಕೆ ಸಿಗುವ ಮೊದಲ ಮನೆ ಒಬ್ಬ ಅಜ್ಜಿಯದು. ಮತದಾರರ ಪಟ್ಟಿ ಹೋಗುವುದು ಮನೆಯ ನಂಬರಿನ ಪ್ರಕಾರ. ಹಾಗಾಗಿ ಮೊದಲ ಹಾಳೆಯ ಮೊದಲ ಹೆಸರು ಆ ಅಜ್ಜಿಯದೇ. ತಾಂಡಾದವರು ಆಕೆಯನ್ನು ‘ಒಂದನೇ ನಂಬರ್ ಅಜ್ಜಿ’ ಎನ್ನುತ್ತಿದ್ದರು. ಹೊಸ ಪಟ್ಟಿಯನ್ನು ಶಾಲೆಯ ಗೋಡೆಗೆ ಅಂಟಿಸಿದ ದಿನ ಕೈತುಂಬ ಬಳೆ ಸದ್ದು ಮಾಡುತ್ತಾ ಬಂದು, "ನನ್ನ ಗೆರೆ ಓದು ಟೀಚರಮ್ಮ" ಎನ್ನುತ್ತಿದ್ದಳು. ನಾನು ಓದುತ್ತಿದ್ದೆ. ಆ ಸಾಲಿನ ಮೇಲೆ ಬೆರಳಿಟ್ಟು, "ಐತಲ್ಲ, ಸಾಕು" ಎಂದು ಹೊರಟುಬಿಡುತ್ತಿದ್ದಳು. ಓದಲು ಬಾರದವಳಿಗೆ ಅದೇನು ಹಟವೋ ಎಂದು ನನಗೆ ಒಳಗೊಳಗೇ ನಗು.

ಒಂದು ಮಧ್ಯಾಹ್ನ ಬಿಸಿಯೂಟ ಮುಗಿದ ಮೇಲೆ ಜಗುಲಿಯ ಮೇಲೆ ಕೂತು ಕೇಳಿಯೇಬಿಟ್ಟೆ, ಓಟು ಅಂದರೆ ನಿನಗೆ ಯಾಕಜ್ಜಿ ಇಷ್ಟು ಆಸೆ ಎಂದು.

"ಮೊದ್ಲು ಓಟು ಹಾಕಾಕೆ ದೊಡ್ಡೂರಿಗೆ ಹೋಗ್ಬೇಕಿತ್ತು" ಎಂದಳು. ದೊಡ್ಡೂರೆಂದರೆ ಹೊಲದ ಬದುವಿನ ಮೇಲೆ ನಡೆದು ಮುಟ್ಟಬೇಕಾದ ಪಕ್ಕದ ಹಳ್ಳಿ. "ನಾವು ಹೋಗೋದ್ರೊಳಗೆ ಅಲ್ಲಿ ಸಾಲು. ದೊಡ್ಡೂರೋರು ಹಾಕಿ ಮುಗೀಲಿ, ಆಮೇಲೆ ನೀವು ಅಂತಿದ್ರು. ಬಿಸಿಲಾಗೆ ಕುಂತ್ಕಂಡಿರ್ತಿದ್ವಿ. ಯಾವ ಗುರ್ತಿಗೆ ಒತ್ತಬೇಕು ಅಂತ ಅವ್ರೇ ಹೇಳಿ ಕಳಿಸೋರು. ಗೆದ್ದೋನ ಮುಖ ನಾವು ಕಂಡಿದ್ದು ಗೋಡೆ ಮ್ಯಾಲಿನ ಕಾಗದದಾಗೆ."

"ಆಮೇಲೆ?"

"ಆಮೇಲೆ ಅದೇನೋ ಗೆರೆ ಎಳೆದ್ರಂತಲ್ಲ."

ಗೆರೆ ಎಳೆದದ್ದು ನಿಜ. ಆ ಪುನರ್ವಿಂಗಡಣೆಯಲ್ಲೇ ತಾಲ್ಲೂಕಿನ ಅಂಚಿನಲ್ಲಿದ್ದ ಈ ತಾಂಡಾ, ದೊಡ್ಡೂರು, ಸುತ್ತಲಿನ ಇನ್ನಷ್ಟು ಹಳ್ಳಿ ಪಕ್ಕದ ಕ್ಷೇತ್ರಕ್ಕೆ ಹೋದವು. ತಾಲ್ಲೂಕು ಚನ್ನಗಿರಿಯೇ, ಎಮ್ಮೆಲ್ಲೆ ಮಾತ್ರ ಬೇರೆ. ಆ ಕ್ಷೇತ್ರ ಪರಿಶಿಷ್ಟ ಜಾತಿಗೆ ಮೀಸಲು, ಲಂಬಾಣಿಗಳೂ ಆ ಪಟ್ಟಿಯವರೇ. ದೊಡ್ಡೂರಿನ ಕಟ್ಟೆಯ ಮೇಲೆ ‘ನಮ್ಮ ಕ್ಷೇತ್ರ ಕೈಬಿಟ್ಟು ಹೋಯ್ತು’ ಎಂದು ಎಷ್ಟೋ ದಿನ ಗೊಣಗಿದರಂತೆ. ತಾಂಡಾದಲ್ಲಿ ಯಾರೂ ಗೊಣಗಲಿಲ್ಲ. ಅದೇ ಸುತ್ತಿನಲ್ಲಿ ತಾಂಡಾದ ಶಾಲೆಗೇ ಮತಗಟ್ಟೆಯೂ ಬಂತು.

"ಓಟು ಕೇಳೋ ಕಾರು ಅವತ್ತು ದೊಡ್ಡೂರಾಗೆ ನಿಲ್ಲಲಿಲ್ಲ ಟೀಚರಮ್ಮ" ಎಂದಳು ಅಜ್ಜಿ. "ಸೀದಾ ಇಲ್ಲಿಗೆ ಬಂತು. ಮೊದಲ್ನೇ ಮನೆ ನಂದೇ ತಾನೆ? ಒಬ್ಬ ಇಳಿದು ಬಂದು ನಮ್ಮ ಮಾತಿನಾಗೆ, ಲಂಬಾಣಿಯಾಗೆ, ‘ಯಾಡಿ’ ಅಂತ ಕರೆದು ಓಟು ಕೇಳಿದ."

ಯಾಡಿ ಎಂದರೆ ಅವರ ಮಾತಿನಲ್ಲಿ ಅವ್ವ.

"ಅವನಿಗೇ ಹಾಕಿದೇನಜ್ಜಿ?"

"ಹಾಕಿದ್ನೋ ಬಿಟ್ನೋ, ಅದು ನನಗೂ ಆ ಪೆಟ್ಟಿಗೆಗೂ ಗೊತ್ತು. ಕೇಳಿದ್ನಲ್ಲ, ಅದು ಹೇಳು. ಅಷ್ಟು ವರ್ಷ ಯಾರೂ ಕೇಳಿರ್ಲಿಲ್ಲ."

ಅವತ್ತಿನಿಂದ ಪ್ರತಿ ಚುನಾವಣೆಗೂ ತಾಂಡಾದ ಮತಗಟ್ಟೆಯ ಸಾಲಿನಲ್ಲಿ ಅಜ್ಜಿಯೇ ಮೊದಲು. ಪಂಚಾಯ್ತಿ ಇರಲಿ, ಪಾರ್ಲಿಮೆಂಟಿರಲಿ, ಬಾಗಿಲು ತೆಗೆಯುವುದಕ್ಕೆ ಮುಂಚೆ ಬಂದು ನಿಂತಿರುತ್ತಾಳೆ. ಪಟ್ಟಿಯಲ್ಲೂ ಒಂದು, ಸಾಲಿನಲ್ಲೂ ಒಂದು. ಅದನ್ನು ಕೇಳಿದ ಮೇಲೆ ನಾನು ಒಳಗೊಳಗೆ ನಗುವುದನ್ನು ಬಿಟ್ಟೆ. ಅಂಥ ಅಜ್ಜಿಯ ಹೆಸರನ್ನು ಪಟ್ಟಿಯಿಂದ ಹೊಡೆದುಹಾಕಿದವಳು ನಾನೇ.

ವಿಧಾನಸಭೆ ಚುನಾವಣೆ ಹತ್ತಿರ ಬಂದ ವರ್ಷ. ಊರು ಬಿಟ್ಟು ಹೋದವರ ಹೆಸರು ಪಟ್ಟಿಯಲ್ಲಿ ಉಳಿದಿವೆ, ಮನೆ ಮನೆ ನೋಡಿ ತೆಗೆಯಿರಿ ಎಂದು ಮೇಲಿನಿಂದ ಒಂದೇ ಸಮ ಒತ್ತಡ. ಮೆಕ್ಕೆಜೋಳ ಬಿಡಿಸುವ ಕಾಲ ಮುಗಿಯುತ್ತಾ ಬಂದಿತ್ತು. ನಾನು ತಾಂಡಾದ ಆ ತುದಿಯಿಂದ ಶುರು ಮಾಡಿ, ಉರಿ ಬಿಸಿಲಲ್ಲಿ ಅಜ್ಜಿಯ ಮನೆಗೆ ಬಂದಾಗ ತಲೆ ಸಿಡಿಯುತ್ತಿತ್ತು. ಪಕ್ಕದ ಕಣದಲ್ಲಿ ಜೋಳ ಬಿಡಿಸುವ ಮಿಷನ್ನು ಕಿವಿ ಕಿತ್ತುಹೋಗುವಂತೆ ಅರಚುತ್ತಿತ್ತು. ಅಜ್ಜಿಯ ಸೊಸೆ ಮೂಗು ಬಾಯಿಗೆ ಸೆರಗು ಕಟ್ಟಿಕೊಂಡು ಧೂಳಿನಲ್ಲಿ ನಿಂತಿದ್ದಳು.

"ಅಜ್ಜಿ ಎಲ್ಲಮ್ಮಾ?" ಎಂದು ಕೂಗಿದೆ.

"ಇಲ್ಲ ಮೇಡಂ. ಕ್ಷೇತ್ರಕ್ಕೆ ಹೋಗೈತೆ!"

ಬೆಳಗ್ಗಿನಿಂದ ನನ್ನ ಕಿವಿಯಲ್ಲಿ, ಕೈಯಲ್ಲಿ, ಫಾರಮ್ಮಿನಲ್ಲಿ ಇದ್ದದ್ದು ಅದೊಂದೇ ಪದ. ಕ್ಷೇತ್ರದ ಹೆಸರು, ಕ್ಷೇತ್ರದ ಸಂಖ್ಯೆ, ಯಾವ ಕ್ಷೇತ್ರಕ್ಕೆ ಸ್ಥಳಾಂತರ.

"ಯಾವ ಕ್ಷೇತ್ರಕ್ಕೆ?"

"ನ್ಯಾಮತಿ ಕಡೆ ಮೇಡಂ!"

ನನ್ನ ಮೂಗಿನ ತುದಿ ಬಿಸಿಯಾಯಿತು. "ನ್ಯಾಮತಿ ಕ್ಷೇತ್ರ ಅಲ್ಲ ಕಣಮ್ಮಾ. ನ್ಯಾಮತಿ ತಾಲ್ಲೂಕು, ಕ್ಷೇತ್ರ ಹೊನ್ನಾಳಿ! ಅಷ್ಟೂ ಗೊತ್ತಿಲ್ವಾ ನಿಂಗೆ?"

ಅವಳು ಕಣ್ಣು ಕಣ್ಣು ಬಿಟ್ಟಳು. "ಇರ್ಬೋದು ಮೇಡಂ. ನೀವು ಓದಿದೋರು."

"ಯಾವಾಗ ಬರ್ತಾರೆ?"

"ಯಾರಿಗೆ ಗೊತ್ತು? ಇನ್ನು ಅಲ್ಲೇ ಇದ್ದುಬಿಡ್ತೀನಿ, ಈ ಮನಿಗೆ ಕಾಲಿಡಲ್ಲ ಅಂತ ಹೇಳೇ ಹೋಗೈತೆ. ಅಲ್ಲಿ ತಂಗಿ ಮನೆ ಐತೆ."

ಮುಗಿಯಿತಲ್ಲ. ಹೋದದ್ದೂ ಆಯಿತು, ಅಲ್ಲೇ ನೆಲೆಸಿದ್ದೂ ಆಯಿತು, ಯಾವ ಕ್ಷೇತ್ರ ಎಂಬುದನ್ನು ನಾನೇ ತಿದ್ದಿದ್ದೂ ಆಯಿತು. ಒಂದನೇ ನಂಬರ್ ಅಜ್ಜಿ ನನಗೆ ಒಂದು ಮಾತು ಹೇಳದೆ ಹೋದಳಲ್ಲ ಎಂದು ಸ್ವಲ್ಪ ಬೇಜಾರೂ ಆಯಿತು. ಹೆಸರು ತೆಗೆಯುವ ಫಾರಮ್ಮಿನಲ್ಲಿ ‘ಹೊನ್ನಾಳಿ ಕ್ಷೇತ್ರಕ್ಕೆ ಸ್ಥಳಾಂತರ’ ಎಂದು ದುಂಡಗೆ ಬರೆದು ಸೊಸೆಯ ಸಹಿ ಹಾಕಿಸಿಕೊಂಡೆ. ಎತ್ತು ಈಯಿತು ಎಂದರೆ ಕೊಟ್ಟಿಗೆಗೆ ಕಟ್ಟು ಎಂದವರನ್ನು ನೋಡಿ ನಕ್ಕಿದ್ದೆ. ನಾನು ಕಟ್ಟಿದ್ದಷ್ಟೇ ಅಲ್ಲ, ಅದು ಯಾವ ಕೊಟ್ಟಿಗೆ ಎಂದೂ ಬರೆದುಕೊಟ್ಟಿದ್ದೆ.

ಯುಗಾದಿಗೆ ನಾಲ್ಕು ದಿನವಿತ್ತು. ಮಕ್ಕಳಿಗೆ ಮಗ್ಗಿ ಹೇಳಿಸುತ್ತಿದ್ದೆ. ಹೊರಗೆ ಬಳೆ ಸದ್ದಾಯಿತು. ಬಾಗಿಲಲ್ಲಿ ಅಜ್ಜಿ, ಸೆರಗಿನಲ್ಲಿ ಪ್ರಸಾದ ಕಟ್ಟಿಕೊಂಡು.

"ಹೊಸ ಪಟ್ಟಿ ಬಂದೈತಂತೆ. ನನ್ನ ಗೆರೆ ಓದು ಟೀಚರಮ್ಮ."

"ಅಯ್ಯೋ, ಬಂದ್ಯಾ ಅಜ್ಜಿ! ಹೊನ್ನಾಳಿ ಕಡೆ ಹೋಗಿ ನೆಲೆಸಿಬಿಟ್ಟೆ ಅಂದ್ರು?"

"ನೆಲೆಸಾಕೆ ನನಗೇನು ಬಂತು? ಸೂರಗೊಂಡನಕೊಪ್ಪಕ್ಕೆ ಹೋಗಿದ್ದೆ, ಕ್ಷೇತ್ರಕ್ಕೆ. ವರ್ಷಾ ಹೋಗಲ್ವಾ? ಅಲ್ಲಿ ಕಸ ಗುಡಿಸಿ, ರೊಟ್ಟಿ ತಟ್ಟಿ, ತಂಗಿ ಮನಿಯಾಗೆ ಒಂದಿಷ್ಟು ದಿನ ಇದ್ದು ಬಂದೆ." ಪ್ರಸಾದ ನನ್ನ ಕೈಗೆ ಹಾಕಿದಳು.

ಕ್ಷೇತ್ರ. ಸೂರಗೊಂಡನಕೊಪ್ಪ. ಲಂಬಾಣಿಗಳಿಗೆ ಅದಕ್ಕಿಂತ ದೊಡ್ಡ ಕ್ಷೇತ್ರ ಯಾವುದಿದೆ? ಅದು ಇರುವುದು ನ್ಯಾಮತಿ ತಾಲ್ಲೂಕಿನಲ್ಲಿ, ನನ್ನ ತವರೂರಿನ ದಿಕ್ಕಿಗೇ. ಚಿಕ್ಕವಳಿದ್ದಾಗ ಮಾಲೆ ಹಾಕಿಕೊಂಡು ನಡೆದು ಹೋಗುವವರಿಗೆ ಅವ್ವ ನೀರು ಕೊಡುತ್ತಿದ್ದುದನ್ನು ಕಣ್ಣಾರೆ ಕಂಡವಳು ನಾನು. ಧರ್ಮಸ್ಥಳಕ್ಕೆ ಹೊರಟರೆ ನಮ್ಮ ಮನೆಯಲ್ಲೂ ಕ್ಷೇತ್ರಕ್ಕೆ ಹೋಗಿ ಬರ್ತೀವಿ ಎಂದೇ ಹೇಳುತ್ತಿದ್ದೆವು. ಆ ಬಿಸಿಲಿನಲ್ಲಿ ನನ್ನ ಮಂಡೆಯೊಳಗೆ ದೇವರ ಕ್ಷೇತ್ರಕ್ಕೆ ಜಾಗವೇ ಇರಲಿಲ್ಲ, ಎಮ್ಮೆಲ್ಲೆಯ ಕ್ಷೇತ್ರವೇ ತುಂಬಿಕೊಂಡಿತ್ತು.

"ಓದು ಮತ್ತೆ" ಎಂದಳು ಅಜ್ಜಿ.

ಗೋಡೆಯ ಹತ್ತಿರ ಹೋಗಿ ಬೆರಳು ಇಟ್ಟಾಗಿತ್ತು. ಅಭ್ಯಾಸವಾದ ಬೆರಳು, ಸರಿಯಾಗಿ ಮೊದಲ ಹಾಳೆಯ ಮೊದಲ ಚೌಕದ ಮೇಲೆ. ಆ ಚೌಕದ ಮೇಲೆ ಅಡ್ಡಡ್ಡ, ದಪ್ಪ ಅಕ್ಷರದಲ್ಲಿ ‘ಡಿಲೀಟೆಡ್’ ಎಂದು ಅಚ್ಚಾಗಿತ್ತು.

ಸುಳ್ಳು ಹೇಳಬಹುದಿತ್ತು. ಒಂದು ಕ್ಷಣ ನಾಲಿಗೆಯ ತುದಿಗೆ ಬಂದಿತ್ತು ಕೂಡ. ಆದರೆ ನಡೆದದ್ದನ್ನೇ ಹೇಳಿದೆ. ಸಿಟ್ಟಿನಲ್ಲಿ ಎತ್ತರಕ್ಕೆ ಹೋಗುವ ನನ್ನ ದನಿ ನನಗೇ ಕೇಳಿಸದಷ್ಟು ಸಣ್ಣದಾಗಿತ್ತು.

ಅಜ್ಜಿ ಬೈಯಲಿಲ್ಲ. "ಹಂಗಾರೆ ಹೊನ್ನಾಳಿಯಾಗೆ ಐತಾ ನನ್ನ ಹೆಸ್ರು?" ಎಂದು ಕೇಳಿದಳು.

"ಇಲ್ಲಜ್ಜಿ. ಅಲ್ಲಿ ಬೇರೆ ಅರ್ಜಿ ಹಾಕಬೇಕು. ಹಾಕಿಲ್ಲ."

"ಇಲ್ಲಿಂದ ತೆಗೆದೀಯ, ಅಲ್ಲಿಗೆ ಹಾಕಿಲ್ಲ. ಹಂಗಾರೆ ನಾನೆಲ್ಲಿದೀನಿ?"

ಅಜ್ಜಿ ಬೆರಳನ್ನು ಗೋಡೆಯಿಂದ ತೆಗೆದು ಸೆರಗಿಗೆ ಒರೆಸಿಕೊಂಡಳು. "ಮತ್ತೆ ದೊಡ್ಡೂರೋರು ಹಾಕಿ ಮುಗೀಲಿ ಅಂತ ಕುಂತ್ಕಂಡಿರ್ಬೇಕೇನೋ" ಎಂದು ತನಗೆ ತಾನೇ ಅಂದುಕೊಂಡಳು. ನನಗೆ ಇವತ್ತಿಗೂ ಚುಚ್ಚುವುದು ಆ ಮಾತು.

ತಪ್ಪು ಮಾಡಿದವರಿಗೆ ಸಿಟ್ಟು ಬರುವುದು ಬೇಗ. ಮಕ್ಕಳಿಗೆ ಬರೆಯಲು ಕೊಟ್ಟು, ಅಜ್ಜಿಯ ಹಿಂದೆಯೇ ಮನೆಗೆ ಹೋಗಿ ಸೊಸೆಯನ್ನು ತರಾಟೆಗೆ ತೆಗೆದುಕೊಂಡೆ. "ಸೂರಗೊಂಡನಕೊಪ್ಪಕ್ಕೆ ಹೋಗೈತೆ ಅನ್ನಾಕೆ ಏನಾಗಿತ್ತು ನಿನಗೆ? ಅಲ್ಲೇ ಇದ್ದುಬಿಡ್ತೈತೆ ಅಂತ ಬೇರೆ ಹೇಳಿದೆ. ಹೆಸ್ರು ತೆಗೀತೀವಿ ಅಂತ ಮನೆಗೆ ನೋಟಿಸ್ ಬಂದಿತ್ತಲ್ಲ, ಅದನ್ನಾದ್ರೂ ಯಾರಿಗಾದ್ರೂ ತೋರಿಸಬಾರದಿತ್ತಾ?"

ನೋಟಿಸು ಗೋಡೆಯ ಕ್ಯಾಲೆಂಡರಿನ ಹಿಂದೆ ಸಿಕ್ಕಿಸಿದಲ್ಲೇ ಇತ್ತು. ಸೊಸೆಯ ಕಣ್ಣಲ್ಲಿ ನೀರು ಬಂತು. "ಕ್ಷೇತ್ರಕ್ಕೆ ಕ್ಷೇತ್ರ ಅನ್ನದೆ ಇನ್ನೇನು ಅನ್ಬೇಕಿತ್ತು ಮೇಡಂ? ಅವತ್ತು ನನ್ನ ಮ್ಯಾಲೆ ಮುನಿಸ್ಕೊಂಡು ಹೋಗಿತ್ತು. ಅಲ್ಲೇ ಇದ್ದುಬಿಡ್ತೀನಿ ಅಂತ ವರ್ಷಾ ವರ್ಷಾ ಹಂಗೇ ಅಂತೈತೆ, ಯುಗಾದಿ ಹೋಳಿಗೆಗೆ ವಾಪಸ್ ಬರ್ತೈತೆ."

"ಅವಳಿಗೆ ಯಾಕೆ ಬೈತೀಯ?" ಎಂದಳು ಅಜ್ಜಿ, ಬಾಗಿಲಲ್ಲೇ ಕೂತು. "ಅವಳು ಆಡಿದ್ದು ಮಾತು. ಬರೆದ ಕೈ ಯಾರ್ದು?"

ಕೆನ್ನೆಗೆ ಹೊಡೆದಂತಾಯಿತು. ಅಲ್ಲಿಗೆ ನನ್ನ ಜಗಳೂರು ಬಾಯಿ ಮುಚ್ಚಿತು. ಬರೆದ ಕೈ ನನ್ನದೇ. ಬೇರೆಯವರ ಭೂಗೋಳ ತಿದ್ದುತ್ತಾ ಓಡಾಡಿದವಳು, ‘ಯಾವ ಊರಿಗೆ’ ಎಂದು ಒಂದೇ ಒಂದು ಮಾತು ಕೇಳಿದ್ದರೆ ಸಾಕಿತ್ತು.

ಒಂದು ದಾರಿ ಇತ್ತು. ನಾಮಪತ್ರದ ಕಾಲ ಬರುವುದರೊಳಗೆ, ಇಂಥ ದಿನದವರೆಗೆ ಎಂದು, ಹೆಸರು ಸೇರಿಸುವ ಅರ್ಜಿ ತೆಗೆದುಕೊಳ್ಳುತ್ತಾರೆ. ಆ ಕೊನೆಯ ದಿನಕ್ಕೆ ಒಂದು ವಾರವೂ ಉಳಿದಿರಲಿಲ್ಲ, ನಡುವೆ ಹಬ್ಬದ ರಜೆ. ಅಜ್ಜಿಯ ಆಧಾರ್ ಕಾರ್ಡು, ರೇಷನ್ ಕಾರ್ಡು ಎಲ್ಲ ತೆಗೆಸಿ, ಶಾಲೆಯ ಮೇಜಿನ ಮೇಲೆ ಹರಡಿಕೊಂಡು, ಆರನೇ ನಂಬರಿನ ಫಾರಂ ತುಂಬಲು ಕೂತೆ. ಅದು ಹೊಸ ಮತದಾರರ ಫಾರಂ. ಹದಿನೆಂಟು ತುಂಬಿದ ಹುಡುಗ ಹುಡುಗಿಯರು ತುಂಬುವುದು.

"ಮೊದಲನೇ ಸಲ ಸೇರಿಸುತ್ತಿದ್ದೀನಿ ಅಂತ ಬರೀಬೇಕಜ್ಜಿ" ಎಂದೆ, ತಲೆ ಎತ್ತದೆ.

"ಬರಿ, ಬರಿ. ಹಲ್ಲಿಲ್ಲದ ಹೊಸ ಹುಡುಗಿ ಅಂತ ಬರಿ" ಎಂದಳು. ಹೆಡ್‌ಮಾಸ್ಟರು ಜೋರಾಗಿ ನಕ್ಕರು. ನಾನೂ ನಕ್ಕೆ, ಆಮೇಲೆ ಅತ್ತೆ. ಅಜ್ಜಿ ನನ್ನ ಬೆನ್ನ ಮೇಲೆ ಕೈ ಇಟ್ಟು, "ಅಳಬ್ಯಾಡ, ಅಕ್ಷರ ಒದ್ದೆ ಆಗ್ತೈತೆ" ಎಂದಳು.

ಅಜ್ಜಿಯನ್ನು ಸ್ಕೂಟರಿನ ಹಿಂದೆ ಕೂರಿಸಿಕೊಂಡು ಬಸ್ ಸ್ಟಾಪಿಗೆ, ಅಲ್ಲಿಂದ ಬಸ್ಸಿನಲ್ಲಿ ಚುನಾವಣಾ ಶಾಖೆಗೆ ಹೋದೆ. ಅಲ್ಲಿನ ಶಿರಸ್ತೇದಾರರು ಹಳಬರು, ನನ್ನನ್ನು ಬಲ್ಲವರು. ಅರ್ಜಿ ನೋಡಿ ಕನ್ನಡಕ ಮೇಲೆತ್ತಿದರು.

"ಮೊನ್ನೆ ಸ್ಥಳಾಂತರ ಅಂತ ನೀವೇ ತೆಗೆಸಿದ್ದೀರಿ. ಇವತ್ತು ನೀವೇ ಸೇರಿಸ್ರಿ ಅಂತೀರಿ. ಯಾಕೆ ಅಂತ ನಿಮ್ಮ ವರದಿ ಬೇಕಲ್ರೀ ಮೇಡಂ."

ಬಿಳಿ ಹಾಳೆ ತೆಗೆದು ಬರೆಯತೊಡಗಿದೆ. ಅವರು ಬಗ್ಗಿ ನೋಡಿದರು. "ನನ್ನ ತಪ್ಪಿನಿಂದ ಅಂತ ಬರೀತಿದ್ದೀರಲ್ರೀ! ಹಂಗೆ ಬರೀಬ್ಯಾಡ್ರಿ. ಮನೆಯವರು ಕೊಟ್ಟ ಮಾಹಿತಿ ಮೇರೆಗೆ ಅಂತ ಬರೀರಿ. ಸೊಸೆ ಸಹಿ ಐತಲ್ಲ. ನಿಮಗೆ ಯಾಕೆ ಇಲ್ಲದ ಉಸಾಬರಿ? ನೋಟಿಸ್ ಬರ್ತೈತೆ, ಸರ್ವೀಸ್ ಪುಸ್ತಕಕ್ಕೆ ಹತ್ತಿದರೆ ಕಷ್ಟ."

ನಿಜ ಹೇಳುತ್ತೇನೆ, ಪೆನ್ನು ನಿಂತಿತು. ನೌಕರಿ ಯಾರಿಗೆ ಬೇಡ? ಪಕ್ಕದ ಬೆಂಚಿನಲ್ಲಿ ಅಜ್ಜಿ ಕಾರ್ಡುಗಳನ್ನು ಎದೆಗೆ ಒತ್ತಿಕೊಂಡು ಕೂತಿದ್ದಳು. ಬರೆದ ಕೈ ಯಾರದು ಎಂದು ಆಕೆ ಎರಡನೇ ಸಲ ಕೇಳಲಿಲ್ಲ, ಕೇಳುವ ಅಗತ್ಯವೂ ಇರಲಿಲ್ಲ. ‘ಕ್ಷೇತ್ರ ಎಂಬ ಪದವನ್ನು ನಾನು ತಪ್ಪಾಗಿ ಅರ್ಥ ಮಾಡಿಕೊಂಡಿದ್ದರಿಂದ’ ಎಂದು ಪೂರ್ತಿ ಬರೆದು ಸಹಿ ಹಾಕಿ ಕೊಟ್ಟೆ.

ಶಿರಸ್ತೇದಾರರು ಓದಿದರು, ಎರಡನೇ ಸಲ ಓದಿದರು, ಆಮೇಲೆ ಹೊಟ್ಟೆ ಹಿಡಿದುಕೊಂಡು ನಕ್ಕರು. "ಅಲ್ರೀ, ಅಜ್ಜಿ ಸೂರಗೊಂಡನಕೊಪ್ಪಕ್ಕೆ ಹೋದ್ರೆ ಹೊನ್ನಾಳಿ ಅಸೆಂಬ್ಲಿಗೆ ಕಳಿಸಿಬಿಟ್ರಲ್ರೀ!" ನಗು ಮುಗಿದ ಮೇಲೆ ಅರ್ಜಿಗೆ ಮೊಹರು ಒತ್ತಿ, ಅಜ್ಜಿಯ ಕಡೆ ತಿರುಗಿ, "ಸಾಹೇಬ್ರು ಒಪ್ಪಿದ್ರೆ ಪುರವಣಿ ಪಟ್ಟಿಯಾಗೆ ಬರ್ತೈತಜ್ಜಿ. ಕೊನೇ ಹಾಳೆ. ಒಂದನೇ ನಂಬರ್ ಮಾತ್ರ ಸಿಗಲ್ಲ" ಎಂದರು.

‘ಒಪ್ಪಿದರೆ’ ಎಂಬ ಆ ಒಂದು ಮಾತು ನನ್ನ ಊಟವನ್ನು ಕಿತ್ತುಕೊಂಡಿತು. ತಾಂಡಾಕ್ಕೆ ಹೋದಾಗಲೆಲ್ಲ ಮೊದಲ ಮನೆಯ ಮುಂದೆ ತಲೆ ತಗ್ಗಿಸಿ ಹೋಗುತ್ತಿದ್ದೆ. ಅಜ್ಜಿ ಕೂತಲ್ಲಿಂದಲೇ, "ಬಂತಾ?" ಎನ್ನುತ್ತಿದ್ದಳು. "ಇನ್ನೂ ಇಲ್ಲಜ್ಜಿ" ಎನ್ನುತ್ತಿದ್ದೆ. ಅಷ್ಟೇ ಮಾತು. ನನಗೆ ಕಾರಣ ಕೇಳುವ ನೋಟಿಸು ಮಾತ್ರ ತಪ್ಪದೆ ಬಂತು. ಬರೆದಿದ್ದನ್ನೇ ಮತ್ತೊಮ್ಮೆ ಬರೆದು ಕೊಟ್ಟೆ. ಮುಂದೆ ಎಚ್ಚರಿಕೆಯಿಂದ ಇರತಕ್ಕದ್ದು ಎಂಬ ಒಂದು ಸಾಲಿಗೆ ಅದು ಮುಗಿಯಿತು.

ಮತದಾನಕ್ಕೆ ಸ್ವಲ್ಪ ದಿನ ಮುಂಚೆ ಕೊನೆಯ ಪಟ್ಟಿ ಕೈಗೆ ಬಂತು. ಮೊದಲ ಹಾಳೆ ನೋಡಲಿಲ್ಲ. ಕಟ್ಟನ್ನು ಮಗುಚಿ ಹಿಂದಿನಿಂದ ತೆರೆದೆ. ಕೊನೆಯ ಹಾಳೆ. ನಾಲ್ಕೈದು ಹದಿನೆಂಟರ ಮಕ್ಕಳ ಫೋಟೋ, ಅವರ ಕೆಳಗೆ, ಎಲ್ಲರಿಗಿಂತ ಕೊನೆಯ ಚೌಕದಲ್ಲಿ ಹಲ್ಲಿಲ್ಲದ ನಮ್ಮ ಹೊಸ ಹುಡುಗಿ. ಹೋದ ಜೀವ ಬಂತು. ಹಾಳೆ ಹಿಡಿದುಕೊಂಡು ತಾಂಡಾದ ತುದಿಯವರೆಗೂ ಓಡಿದೆ, ನನ್ನ ವಯಸ್ಸಿಗೆ ಅದು ಚೆಂದವಲ್ಲ ಎಂದು ಹೆಡ್‌ಮಾಸ್ಟರು ಆಮೇಲೆ ಹೇಳಿದರು. ಅಜ್ಜಿ ಬೆರಳಿಟ್ಟಳು. "ಕೊನೇ ಹಾಳೆ, ಕೊನೇ ಗೆರೆ" ಎಂದು ನಾನು ಹೇಳಿಕೊಟ್ಟೆ. "ಐತಲ್ಲ, ಸಾಕು" ಎಂದಳು. ಅವತ್ತು ಮನೆಗೆ ಹೋಗಿ ಎರಡು ರೊಟ್ಟಿ ಹೆಚ್ಚಿಗೆ ತಿಂದೆ.

ಮತದಾನದ ದಿನ ನನ್ನ ಮೇಜು ಶಾಲೆಯ ಹೊರಗೆ, ಬೇವಿನ ಮರದ ಕೆಳಗೆ. ಚೀಟಿ ಸಿಗದವರಿಗೆ ನಂಬರು ಹುಡುಕಿಕೊಡುವ ಕೆಲಸ. ಒಳಗೆ ಆಡಿದ ಮಾತು ಕೇಳುವಷ್ಟು ಹತ್ತಿರ. ಬಾಗಿಲು ತೆಗೆಯುವುದಕ್ಕೆ ಮುಂಚೆಯೇ ಅಜ್ಜಿ ಬಂದು ಸಾಲಿನ ತಲೆಯಲ್ಲಿ ನಿಂತಿದ್ದಳು. ದೊಡ್ಡೂರಿನ ಕಡೆಯ ಇಬ್ಬರು ಏಜೆಂಟರು ಒಳಗೆ ಕೂತಿದ್ದರು. ಬಾಗಿಲು ತೆಗೆದರು. ಬಳೆ ಸದ್ದು ಒಳಗೆ ಹೋಯಿತು.

"ಚೀಟಿ ಎಲ್ಲಜ್ಜಿ?" ಎಂದು ಬೇರೆ ಊರಿನಿಂದ ಬಂದ ಅಧಿಕಾರಿಯ ದನಿ.

"ಚೀಟಿ ಯಾಕೆ? ನಂದು ಒಂದನೇ ನಂಬರು."

ನಾನು ಹಣೆ ಚಚ್ಚಿಕೊಂಡೆ. ಚೀಟಿಯನ್ನು ಮನೆಯಲ್ಲಿ ದೇವರ ಮುಂದೆ ಇಟ್ಟು ಬಂದಿರಬೇಕು! ಅಷ್ಟು ವರ್ಷದ ನಾಲಿಗೆ ಅಭ್ಯಾಸ, ಹೇಳಿಯೇಬಿಟ್ಟಳು. ಒಳಗೆ ಹಾಳೆ ತಿರುವಿದ ಸದ್ದು.

"ಒಂದನೇ ನಂಬರು ಡಿಲೀಟ್ ಆಗೈತಲ್ಲ."

"ಹೌದ್ರೀ" ಎಂದ ಒಬ್ಬ ಏಜೆಂಟ. "ನಮ್ಮ ಪಟ್ಟಿಯಾಗೂ ಹಂಗೇ ಐತೆ. ಸ್ಥಳಾಂತರ. ಪಕ್ಕಕ್ಕೆ ಬಾ ಅಜ್ಜಿ, ಹಿಂದಿನೋರು ಹಾಕ್ಲಿ."

ಪಕ್ಕಕ್ಕೆ ಬಾ, ಬೇರೆಯವರು ಹಾಕಲಿ. ಮೇಜು ತಳ್ಳಿ ಎದ್ದು ನಿಂತೆ. ಕರೆಯದೆ ನಾನು ಒಳಗೆ ಹೋಗುವಂತಿಲ್ಲ. ಬಾಗಿಲಲ್ಲಿದ್ದ ಪೊಲೀಸಿನವರು ಕೈ ಅಡ್ಡ ಮಾಡಿದರು. ಬಳೆಯ ಸದ್ದು ಪೂರ್ತಿ ನಿಂತಿತ್ತು.

ಆಮೇಲೆ ಅಜ್ಜಿಯ ದನಿ ಕೇಳಿಸಿತು. ತಾಂಡಾದ ಆ ತುದಿಗೂ ಮುಟ್ಟುವಂಥ ದನಿ.

"ಯಾಕೆ ಬರ್ಲಿ ಪಕ್ಕಕ್ಕೆ? ಪುಸ್ತಕ ಮಗುಚ್ರಿ ಸಾಮಿ. ಕೊನೇ ಹಾಳೆ, ಕೊನೇ ಗೆರೆ. ಬೆರಳಿಟ್ಟು ಓದ್ರಿ!"

ಹಾಳೆ ತಿರುವಿದ ಸದ್ದು. ಆಮೇಲೆ ಅಧಿಕಾರಿ ಅಜ್ಜಿಯ ಹೆಸರನ್ನು ಗಟ್ಟಿಯಾಗಿ, ಏಜೆಂಟರಿಗೆ ಕೇಳುವಂತೆ ಓದಿದರು. ಅದರ ಹಿಂದೆಯೇ ಮಿಷನ್ನಿನ ಉದ್ದನೆಯ ಬೀಪ್ ಕೇಳಿಸಿತು. ನಾನು ವಾಪಸ್ ಬಂದು ಕುರ್ಚಿಯ ಮೇಲೆ ಕೂತೆ. ಇಷ್ಟು ವರ್ಷದ ನೌಕರಿಯಲ್ಲಿ ಅಷ್ಟು ಚೆಂದದ ಸದ್ದು ನಾನು ಕೇಳಿಲ್ಲ.

ಅಜ್ಜಿ ಹೊರಗೆ ಬಂದು ಸೀದಾ ನನ್ನ ಮೇಜಿಗೆ ಬಂದಳು. "ಒಂದನೇ ನಂಬರ್ ತಪ್ಪಿಸಿಬಿಟ್ಟೆ ಅಜ್ಜಿ" ಎಂದೆ.

"ನಂಬರು ನಿನ್ನ ಪುಸ್ತಕದಾಗೆ ಎಲ್ಲಿದ್ರೇನು? ಸಾಲಿನಾಗೆ ನಾನೇ ಮೊದ್ಲು ನಿಂತಿದ್ದೆ."

ಮೇಜಿನ ಮೇಲೆ ನನ್ನ ಪಟ್ಟಿ ಮೊದಲ ಹಾಳೆಗೇ ತೆರೆದುಕೊಂಡಿತ್ತು. ಡಿಲೀಟೆಡ್ ಎಂದು ಅಡ್ಡ ಹೊಡೆದ ಆ ಚೌಕದ ಮೇಲೆ ಅಜ್ಜಿ ಇನ್ನೂ ಮಸಿ ಆರದ ಬೆರಳನ್ನು ಒತ್ತಿಟ್ಟಳು.

"ಬರ್ಕೋ ಟೀಚರಮ್ಮ" ಎಂದಳು. "ಅಜ್ಜಿ ಇಲ್ಲೇ ಐತೆ ಅಂತ ಬರ್ಕೋ."